ಯುದ್ಧದ ಹೊತ್ತಲ್ಲಿ ಹಕ್ಕಿನ ಮಾತು ಯಾಕೆ ಮೇಡಂ?

ಊರೂರಿನ ಕಾಲೇಜುಗಳಿಗೆ ಹೋಗಿ ಸಂವಿಧಾನದ ಬಗ್ಗೆ ಮಾತಾಡುವುದು ನನ್ನ ಕೆಲಸ. ಎಲ್ಲಿ ಹೋದರೂ ಒಂದು ಪ್ರಶ್ನೆ ತಪ್ಪದೆ ಬರುತ್ತದೆ. "ಮಾಮೂಲಿ ದಿನಗಳಲ್ಲಿ ಹಕ್ಕು ಇರಲಿ ಮೇಡಂ, ಯಾರು ಬೇಡ ಅಂದರು? ಆದರೆ ಯುದ್ಧ ನಡೆಯುವಾಗಲೂ ಸರ್ಕಾರಕ್ಕೆ ಅಡ್ಡಗಾಲು ಹಾಕಬೇಕಾ? ಮೊದಲು ದೇಶ ಉಳೀಬೇಕಲ್ವಾ?"

ಕುಶಾಲನಗರದ ಹತ್ತಿರ ಒಂದು ಕಾಲೇಜಿನಲ್ಲಿ ಇದನ್ನು ಕೇಳಿದವರು ಒಬ್ಬ ನಿವೃತ್ತ ಸುಬೇದಾರರು. ಮೊಮ್ಮಗಳ ಜೊತೆ ಬಂದು ಹಿಂದಿನ ಬೆಂಚಿನಲ್ಲಿ ಕೂತಿದ್ದರು. ಎದ್ದು ನಿಂತು ಕೇಳಿದರು. "ಇಪ್ಪತ್ತೆಂಟು ವರ್ಷ ನನ್ನ ಹಕ್ಕನ್ನೆಲ್ಲ ಗೇಟಿನ ಹತ್ತಿರ ಬಿಟ್ಟು ಡ್ಯೂಟಿ ಮಾಡಿದೀನಿ. ಪೇಪರಿನವರ ಜೊತೆ ಮಾತಾಡೋ ಹಾಗಿಲ್ಲ, ಸಂಘ ಕಟ್ಟೋ ಹಾಗಿಲ್ಲ. ಯುದ್ಧ ಬಂದಾಗ ಊರಲ್ಲಿರೋರು ನಾಲ್ಕು ದಿನ ಬಿಟ್ಟುಕೊಟ್ರೆ ಏನು ಕಳ್ಕೊತಾರೆ?"

ಅವತ್ತು ಬಸ್ಸಿನ ಹೊತ್ತಾಗಿತ್ತು. ಅರ್ಧ ಉತ್ತರ ಕೊಟ್ಟು ಬಂದೆ. ಪೂರ್ತಿ ಉತ್ತರ ಇಲ್ಲಿ ಬರೆಯುತ್ತಿದ್ದೇನೆ.

ಒಪ್ಪಬೇಕಾದ್ದನ್ನು ಮೊದಲೇ ಒಪ್ಪಿಬಿಡುತ್ತೇನೆ. ಪಡೆ ಎತ್ತ ಹೊರಟಿದೆ ಅಂತ ಟೀವಿಯಲ್ಲಿ ಲೈವ್ ತೋರಿಸುವ ಹಕ್ಕು ಯಾರಿಗೂ ಬೇಕಿಲ್ಲ. ರಾತ್ರಿ ದೀಪ ಆರಿಸಿ ಅಂದರೆ ಆರಿಸಬೇಕು. ಸೈನಿಕರ ಹಕ್ಕುಗಳಿಗೆ ಮಿತಿ ಹಾಕುವ ಅಧಿಕಾರವನ್ನು ಸಂವಿಧಾನದ 33ನೇ ವಿಧಿಯೇ ಸಂಸತ್ತಿಗೆ ಕೊಟ್ಟಿದೆ. ಸುಬೇದಾರರು ಹೇಳಿದ್ದರಲ್ಲಿ ಸುಳ್ಳಿಲ್ಲ. ನನ್ನ ತಕರಾರು ಇರುವುದು ಅವರು ಅಂದ "ನಾಲ್ಕು ದಿನ"ದ ಬಗ್ಗೆ.

ಆ ನಾಲ್ಕು ದಿನದ ಲೆಕ್ಕವನ್ನು ನಮ್ಮ ದೇಶದಲ್ಲೇ ನೋಡಿ.

ಚೀನಾ ಯುದ್ಧ ಶುರುವಾಗಿದ್ದು 1962ರ ಅಕ್ಟೋಬರ್ 20ಕ್ಕೆ. 26ಕ್ಕೆ ತುರ್ತು ಪರಿಸ್ಥಿತಿ ಘೋಷಣೆಯಾಯಿತು. ನವೆಂಬರ್ 21ಕ್ಕೆ ಚೀನಾ ತಾನಾಗಿಯೇ ಕದನ ನಿಲ್ಲಿಸಿತು. ಒಂದು ತಿಂಗಳ ಯುದ್ಧ. ತುರ್ತು ಪರಿಸ್ಥಿತಿಯನ್ನು ಹಿಂದಕ್ಕೆ ತೆಗೆದುಕೊಂಡದ್ದು ಮಾತ್ರ 1968ರ ಜನವರಿಯಲ್ಲಿ. ಆಮೇಲೆ 1971ರ ಡಿಸೆಂಬರ್ 3ಕ್ಕೆ ಪಾಕಿಸ್ತಾನದ ಜೊತೆ ಯುದ್ಧ, ಅವತ್ತೇ ಮತ್ತೆ ಘೋಷಣೆ. ಢಾಕಾ ಶರಣಾಗಿದ್ದು ಡಿಸೆಂಬರ್ 16ಕ್ಕೆ. ಎರಡು ವಾರ. ಆ ಘೋಷಣೆ ಎದ್ದು ಹೋದದ್ದು 1977ರ ಮಾರ್ಚಿನಲ್ಲಿ, ಐದು ವರ್ಷ ಮೂರು ತಿಂಗಳ ಮೇಲೆ. 1965ರ ಯುದ್ಧವನ್ನೂ ಸೇರಿಸಿದರೆ ಗುಂಡು ಹಾರಿದ ದಿನಗಳು ನಾಲ್ಕು ತಿಂಗಳು ದಾಟುವುದಿಲ್ಲ. ಯುದ್ಧದ ಹೆಸರಿನ ತುರ್ತು ಪರಿಸ್ಥಿತಿಯಲ್ಲಿ ನಾವು ಬದುಕಿದ್ದು ಹತ್ತು ವರ್ಷಕ್ಕೂ ಜಾಸ್ತಿ.

ಈ ಲೆಕ್ಕ ಹೇಳಿದಾಗ ಸುಬೇದಾರರು ಒಂದು ಮಾತು ಅಂದರು. "ನಮ್ಮ ರಜೆ ಚೀಟಿಯಲ್ಲಿ ವಾಪಸ್ ಬರೋ ತಾರೀಕು ಇಲ್ಲದಿದ್ರೆ ಗೇಟ್ ದಾಟೋಕೇ ಬಿಡ್ತಿರಲಿಲ್ಲ." ಸರ್ಕಾರಕ್ಕೆ ಕೊಡುವ ಯುದ್ಧದ ಅಧಿಕಾರದ ಮೇಲೂ ಅಂಥ ತಾರೀಕು ಇರಬೇಕು. ನಾನು ಕೇಳುತ್ತಿರುವುದು ಅಷ್ಟೇ.

ತಾರೀಕು ಬರೆದರೂ ಕಣ್ಣಿಟ್ಟು ಕಾಯಬೇಕು, ಅದು ಬೇರೆ ಮಾತು. ಬ್ರಿಟಿಷರು ಮೊದಲ ಮಹಾಯುದ್ಧದಲ್ಲಿ, 1915ರಲ್ಲಿ, ಭಾರತ ರಕ್ಷಣಾ ಕಾಯ್ದೆ ತಂದರು. ಯುದ್ಧ ಮುಗಿದು ಆರು ತಿಂಗಳಿಗೆ ಅದು ಸಾಯಬೇಕು ಅಂತ ಕಾಯ್ದೆಯಲ್ಲೇ ಬರೆದಿತ್ತು. ಯುದ್ಧ ಮುಗಿಯಿತು. ಅಧಿಕಾರ ಬಿಡಲು ಮನಸ್ಸು ಬರಲಿಲ್ಲ. 1919ರ ಮಾರ್ಚಿನಲ್ಲಿ ಅದೇ ಅಧಿಕಾರವನ್ನು ರೌಲಟ್ ಕಾಯ್ದೆ ಅಂತ ಇನ್ನೊಂದು ಹೆಸರಲ್ಲಿ ತಂದರು. "ವಕೀಲರಿಲ್ಲ, ವಾದವಿಲ್ಲ, ಅಪೀಲಿಲ್ಲ" ಅಂತ ಜನ ಬೀದಿಗೆ ಬಂದರು. ಏಪ್ರಿಲ್ 13ಕ್ಕೆ ಜಲಿಯನ್‌ವಾಲಾ ಬಾಗ್ ನಡೆಯಿತು.

ಈಗ ದೇವ್ಲಿಯ ಕತೆ. ಇದನ್ನು ನಾನು ಪ್ರತಿ ತರಗತಿಯಲ್ಲೂ ಹೇಳುತ್ತೇನೆ. ಮೊದಲೇ ಕೇಳಿದವರು ಒಬ್ಬರೂ ಇರುವುದಿಲ್ಲ.

ಅಸ್ಸಾಮಿನಲ್ಲಿ ಮಾಕುಮ್ ಅಂತ ಒಂದು ಊರಿದೆ. ಬ್ರಿಟಿಷರ ಕಾಲದಲ್ಲಿ ಚಹಾ ತೋಟದ ಕೆಲಸಕ್ಕೆ ಅಂತ ಕರೆತಂದ ಚೀನೀ ಕೂಲಿಗಳ ಮಕ್ಕಳು ಮರಿಮಕ್ಕಳು ಅಲ್ಲಿದ್ದರು. ಶಿಲ್ಲಾಂಗ್, ಡಾರ್ಜಿಲಿಂಗ್ ಕಡೆಯೂ ಇದ್ದರು. ಬಹಳ ಜನ ಇಲ್ಲಿಯೇ ಹುಟ್ಟಿದವರು, ಇಲ್ಲಿಯವರನ್ನೇ ಮದುವೆಯಾದವರು. 1962ರ ನವೆಂಬರಿನಲ್ಲಿ ಪೊಲೀಸರು ಇವರ ಮನೆ ಬಾಗಿಲಿಗೆ ಬಂದರು. ಹಸುಗೂಸಿನಿಂದ ಮುದುಕರ ತನಕ ಎಲ್ಲರನ್ನೂ ರೈಲಿಗೆ ಹತ್ತಿಸಿದರು. ಸುಮಾರು ಏಳು ದಿನ ರೈಲು ಓಡಿತು. ಇಳಿಸಿದ್ದು ರಾಜಸ್ಥಾನದ ದೇವ್ಲಿಯಲ್ಲಿ, ಹಳೆಯ ಯುದ್ಧಕೈದಿಗಳ ಶಿಬಿರದಲ್ಲಿ. ಮಳೆಯ ನಾಡಿನ ಜನ ಮರಳುಗಾಡಿನ ಬಿಸಿಲಿಗೆ ಬಿದ್ದರು. ಹೀಗೆ ಒಳಗೆ ಹಾಕಿದ್ದು ಸುಮಾರು 3,000 ಜನರನ್ನು. ಕೋರ್ಟಿಲ್ಲ, ಕೇಸಿಲ್ಲ. ಮುಖ, ಹೆಸರು, ಅಜ್ಜನ ಊರು, ಇಷ್ಟು ಸಾಕಾಯಿತು.

ಇದು ಶುರುವಾಗಿದ್ದೇ ಯುದ್ಧ ಮುಗಿಯುವ ಹೊತ್ತಿಗೆ. ಗಡಿಯಲ್ಲಿ ಬಂದೂಕು ಸುಮ್ಮನಾದ ಮೇಲೂ ಅವರು ಒಳಗೇ ಇದ್ದರು. ಕೆಲವರನ್ನು ಬಿಟ್ಟದ್ದು ನಾಲ್ಕು ವರ್ಷವೂ ಕಳೆದ ಮೇಲೆ. ಕೆಲವರನ್ನು ಹಡಗು ಹತ್ತಿಸಿ ಅವರು ಕಂಡೇ ಇರದ ಚೀನಾಕ್ಕೆ ಕಳಿಸಿದರು. ವಾಪಸ್ ಬಂದವರಲ್ಲಿ ಎಷ್ಟೋ ಮಂದಿಗೆ ಮನೆ, ಅಂಗಡಿ ಉಳಿದಿರಲಿಲ್ಲ. ಬೇರೆಯವರ ಪಾಲಾಗಿತ್ತು.

ಅಮೆರಿಕ ಎರಡನೇ ಮಹಾಯುದ್ಧದಲ್ಲಿ ಇಂಥದ್ದೇ ಮಾಡಿತ್ತು. ಜಪಾನ್ ಮೂಲದ ಸುಮಾರು 1,20,000 ಜನರನ್ನು ಶಿಬಿರಗಳಿಗೆ ಹಾಕಿತ್ತು. ಆದರೆ 1988ರಲ್ಲಿ ಕಾನೂನು ಮಾಡಿ ಕ್ಷಮೆ ಕೇಳಿತು. ಬದುಕಿದ್ದವರಿಗೆ ತಲಾ 20,000 ಡಾಲರ್ ಕೊಟ್ಟಿತು. ದೇವ್ಲಿಯವರಿಗೆ ನಾವು ಇನ್ನೂ ಒಂದು ಮಾತು ಹೇಳಿಲ್ಲ. ನನಗೆ ಇದು ತುಂಬಾ ನೋಯುತ್ತದೆ.

ದೇವ್ಲಿ ಬಗ್ಗೆ ಇನ್ನೊಂದು ಸಂಗತಿ ಇದೆ. ಬ್ರಿಟಿಷರು ಎರಡನೇ ಮಹಾಯುದ್ಧದ ಹೊತ್ತಲ್ಲಿ ನಮ್ಮವರನ್ನು ವಿಚಾರಣೆಯಿಲ್ಲದೆ ಕೂಡಿಹಾಕಿದ್ದೂ ಅಲ್ಲೇ. ಜಯಪ್ರಕಾಶ ನಾರಾಯಣರು 1941ರಲ್ಲಿ ಅಲ್ಲಿ ಉಪವಾಸ ಕೂತಿದ್ದರು. ಇಪ್ಪತ್ತೊಂದು ವರ್ಷದ ಮೇಲೆ ಅದೇ ಜಾಗಕ್ಕೆ ನಾವೇ ಬೀಗ ಹಾಕಿದೆವು.

"ಅದು ಚೀನೀಯರ ಕತೆ, ನಮಗೇನು?" ಅಂತ ಒಬ್ಬ ಹುಡುಗ ಒಮ್ಮೆ ಕೇಳಿದ. ಅವನಿಗೆ ಬೆಂಗಳೂರಿನ ಕತೆ ಹೇಳಿದೆ.

1971ರಲ್ಲಿ ಎರಡು ಕಾನೂನು ಬಂದವು. ಒಂದು ಮೀಸಾ, ಅಂದರೆ ವಿಚಾರಣೆಯಿಲ್ಲದೆ ಹಿಡಿದಿಡಲು ಬಿಡುವ ಆಂತರಿಕ ಭದ್ರತಾ ನಿರ್ವಹಣಾ ಕಾಯ್ದೆ. ಪೂರ್ವ ಬಂಗಾಳದಿಂದ ನಿರಾಶ್ರಿತರು ಹರಿದು ಬರುತ್ತಿದ್ದಾರೆ, ಗೂಢಚಾರರೂ ನುಸುಳಬಹುದು, ಹಿಡಿಯಲು ಇದು ಬೇಕು ಅಂದರು. ಇನ್ನೊಂದು ಯುದ್ಧ ಶುರುವಾದ ಮೇಲೆ ಬಂದ ಭಾರತ ರಕ್ಷಣಾ ಕಾಯ್ದೆ. ಯುದ್ಧ ಎರಡು ವಾರದಲ್ಲಿ ಮುಗಿಯಿತು. ಕಾನೂನು ಎರಡೂ ಉಳಿದವು. 1975ರ ಜೂನ್ 25ರ ರಾತ್ರಿ ಇಂದಿರಾ ಗಾಂಧಿ ಸರ್ಕಾರ "ಆಂತರಿಕ ಗಲಭೆ"ಯ ಹೆಸರಲ್ಲಿ ಇನ್ನೊಂದು ತುರ್ತು ಪರಿಸ್ಥಿತಿ ತಂದಾಗ ಹೊಸ ಆಯುಧ ಹುಡುಕುವ ಕೆಲಸವೇ ಇರಲಿಲ್ಲ. ಯುದ್ಧದ ಕಾಯ್ದೆಯ ಹೆಸರಿಗೆ "ಆಂತರಿಕ ಭದ್ರತೆ" ಅಂತ ಎರಡು ಪದ ಸೇರಿಸಿದರು. ಮೀಸಾದಲ್ಲಿ ಯಾಕೆ ಹಿಡಿದೆವು ಅಂತ ಹೇಳುವುದೂ ಬೇಡ ಅಂತ ತಿದ್ದಿದರು. ಆ ತುರ್ತು ಪರಿಸ್ಥಿತಿಯ ಅತಿರೇಕಗಳನ್ನು ಆಮೇಲೆ ತನಿಖೆ ಮಾಡಿದ ಶಾ ಆಯೋಗದ ಲೆಕ್ಕದ ಪ್ರಕಾರ ಮೀಸಾದಲ್ಲಿ ಒಳಗೆ ಹೋದವರು 34,988 ಜನ. ಆ ರಕ್ಷಣಾ ಕಾಯ್ದೆಯಲ್ಲಿ 75,818. ಇವರಲ್ಲಿ ಯಾರೂ ಪಾಕಿಸ್ತಾನದ ಸೈನಿಕರಲ್ಲ. ನಮ್ಮ ಮೇಷ್ಟ್ರುಗಳು, ವಿದ್ಯಾರ್ಥಿಗಳು, ಕಾರ್ಮಿಕ ನಾಯಕರು, ಎಂಪಿಗಳು.

ವಾಜಪೇಯಿ, ಅಡ್ವಾಣಿ, ಮಧು ದಂಡವತೆ ಆಗ ಸಂಸದೀಯ ಸಮಿತಿಯ ಸಭೆಗೆ ಅಂತ ಬೆಂಗಳೂರಿಗೆ ಬಂದಿದ್ದರು. ಇಲ್ಲೇ ಬಂಧನವಾಯಿತು. ಸೆಂಟ್ರಲ್ ಜೈಲಿಗೆ ಹಾಕಿದರು. ಇವರು ಕರ್ನಾಟಕ ಹೈಕೋರ್ಟಿಗೆ ಹೇಬಿಯಸ್ ಕಾರ್ಪಸ್ ಅರ್ಜಿ ಹಾಕಿದರು. ಅಂದರೆ "ಹಿಡಿದಿಟ್ಟವರನ್ನು ಕೋರ್ಟಿನ ಮುಂದೆ ತಂದು ಕಾರಣ ಹೇಳಿ" ಅನ್ನುವ ಅರ್ಜಿ. ನಮ್ಮ ಹೈಕೋರ್ಟು ಅರ್ಜಿ ಕೇಳುತ್ತೇವೆ ಅಂತ ಹೇಳಿತು. ದೇಶದ ಒಂಬತ್ತು ಹೈಕೋರ್ಟುಗಳು ಹಾಗೆ ಹೇಳಿದವು. ಅಂಥ ಕಾಲದಲ್ಲಿ ಅದು ಸಣ್ಣ ಧೈರ್ಯವಲ್ಲ.

ತುರ್ತು ಪರಿಸ್ಥಿತಿಯಲ್ಲಿ ಇಂಥ ಅರ್ಜಿ ಹಾಕುವಂತೆಯೇ ಇಲ್ಲ ಅಂತ ಸರ್ಕಾರ ಸುಪ್ರೀಂ ಕೋರ್ಟಿಗೆ ಹೋಯಿತು. ವಾದ ನಡೆಯುವಾಗ ನ್ಯಾಯಮೂರ್ತಿ ಎಚ್. ಆರ್. ಖನ್ನಾ ಅಟಾರ್ನಿ ಜನರಲ್ ನಿರೇನ್ ಡೇ ಅವರನ್ನು ಕೇಳಿದರು: ಒಬ್ಬ ಪೊಲೀಸ್ ಅಧಿಕಾರಿ ಸ್ವಂತ ದ್ವೇಷಕ್ಕೆ ಒಬ್ಬನನ್ನು ಕೊಂದರೂ ಪರಿಹಾರ ಇಲ್ಲವೇ? ತುರ್ತು ಪರಿಸ್ಥಿತಿ ಇರುವ ತನಕ ಇಲ್ಲ ಅಂತ ಉತ್ತರ ಬಂತು. 1976ರ ಏಪ್ರಿಲ್ 28ಕ್ಕೆ ತೀರ್ಪು ಬಂದಾಗ ನಾಲ್ವರು ನ್ಯಾಯಮೂರ್ತಿಗಳು ಸರ್ಕಾರದ ಕಡೆ ನಿಂತರು. ಖನ್ನಾ ಒಬ್ಬರೇ ಒಪ್ಪಲಿಲ್ಲ. ಮುಖ್ಯ ನ್ಯಾಯಮೂರ್ತಿ ಸ್ಥಾನ ಅವರಿಗೆ ತಪ್ಪಿತು, ರಾಜೀನಾಮೆ ಕೊಟ್ಟು ಮನೆಗೆ ಹೋದರು. ಆ ಸ್ಥಾನ ಸಿಕ್ಕಿದ್ದು ನ್ಯಾಯಮೂರ್ತಿ ಬೇಗ್ ಅವರಿಗೆ. ಬಂದಿಗಳನ್ನು ಸರ್ಕಾರ ನೋಡಿಕೊಳ್ಳುವ ರೀತಿ ಹೆಚ್ಚುಕಡಿಮೆ ತಾಯಿಯ ಅಕ್ಕರೆಯ ಹಾಗಿದೆ ಅಂತ ತೀರ್ಪಿನಲ್ಲಿ ಬರೆದವರು ಅವರು.

ಆ ಸಾಲು ಬರೆದು ನಾಲ್ಕು ದಿನಕ್ಕೆ, ಮೇ 2ಕ್ಕೆ, ನಟಿ ಸ್ನೇಹಲತಾ ರೆಡ್ಡಿಯವರನ್ನು ಹಿಡಿದರು. ಬೆಂಗಳೂರಿನ ಅದೇ ಸೆಂಟ್ರಲ್ ಜೈಲಿಗೆ ಹಾಕಿದರು. ಅವರಿಗೆ ಉಬ್ಬಸ ಇತ್ತು. ಎಂಟು ತಿಂಗಳು ಒಳಗಿದ್ದರು. ಉಸಿರಾಟ ಪೂರ್ತಿ ಕೆಟ್ಟ ಮೇಲೆ 1977ರ ಜನವರಿ 15ಕ್ಕೆ ಪೆರೋಲಿನ ಮೇಲೆ ಬಿಟ್ಟರು. 20ಕ್ಕೆ ತೀರಿಕೊಂಡರು. ವಯಸ್ಸು ಇನ್ನೂ ನಲವತ್ತೈದರ ಆಸುಪಾಸು.

ಆ ಜೈಲು ಈಗ ಫ್ರೀಡಂ ಪಾರ್ಕ್. ಮಧ್ಯದ ಕಾವಲು ಗೋಪುರ ಹಾಗೇ ಇದೆ. ಹಳೆಯ ಸೆಲ್‌ಗಳೂ ಕೆಲವು ಉಳಿದಿವೆ. ನನ್ನ ಜೊತೆ ಬರುವ ವಿದ್ಯಾರ್ಥಿಗಳಿಗೆ ಒಂದು ಸೆಲ್ಲಿನ ಒಳಗೆ ಹೋಗಿ ಸ್ವಲ್ಪ ಹೊತ್ತು ಸುಮ್ನೆ ನಿಲ್ಲಿ ಅಂತೀನಿ. ಮೊಬೈಲು ಹೊರಗೆ ನನ್ನ ಕೈಲಿ. ಒಬ್ಬಳು ಹೊರಗೆ ಬಂದು, "ಮೇಡಂ, ಗಾಳಿ ಬರೋಕೆ ಅಷ್ಟೇ ಜಾಗನಾ?" ಅಂದಳು. ಉಬ್ಬಸದ ವಿಷಯ ನಾನು ಅವಳಿಗೆ ಆಗಿನ್ನೂ ಹೇಳಿರಲಿಲ್ಲ.

ಇದನ್ನು ಮೊದಲೇ ಊಹಿಸಿದವರು ಇದ್ದರು. ಸಂವಿಧಾನ ಸಭೆಯಲ್ಲಿ ಮಂಗಳೂರಿನಲ್ಲಿ ಹುಟ್ಟಿದ ಎಚ್. ವಿ. ಕಾಮತ್ ಇದ್ದರು. ತುರ್ತು ಪರಿಸ್ಥಿತಿಯಲ್ಲಿ ಹಕ್ಕುಗಳಿಗಾಗಿ ಕೋರ್ಟಿಗೆ ಹೋಗುವ ದಾರಿಯನ್ನೇ ಮುಚ್ಚಬಹುದು ಅನ್ನುವ ವಿಧಿ 1949ರ ಆಗಸ್ಟಿನಲ್ಲಿ ಪಾಸಾದಾಗ ಅವರು ಎದ್ದು ನಿಂತು, ಇದು ದುಃಖದ, ನಾಚಿಕೆಯ ದಿನ, ಭಾರತದ ಜನರನ್ನು ದೇವರೇ ಕಾಪಾಡಲಿ ಅಂದರು.

1978ರಲ್ಲಿ 44ನೇ ತಿದ್ದುಪಡಿ ಬಂತು. ನನ್ನ ಪ್ರಕಾರ ನಾವು ಪಾಠ ಕಲಿತದ್ದಕ್ಕೆ ಅದೇ ಸಾಕ್ಷಿ. 1975ರಲ್ಲಿ ರಾಷ್ಟ್ರಪತಿಯವರ ಸಹಿ ರಾತ್ರಿಯೇ ಬಿದ್ದಿತ್ತು, ಸಂಪುಟಕ್ಕೆ ಗೊತ್ತಾಗಿದ್ದು ಬೆಳಗ್ಗೆ. ಈಗ ಸಂಪುಟ ಬರೆದು ಕೊಡದೆ ಘೋಷಣೆ ಆಗದು. ಒಂದು ತಿಂಗಳೊಳಗೆ ಸಂಸತ್ತಿನ ಎರಡೂ ಸದನ ವಿಶೇಷ ಬಹುಮತದಿಂದ ಒಪ್ಪಬೇಕು. ಆರು ತಿಂಗಳಿಗೊಮ್ಮೆ ಮತ್ತೆ ಒಪ್ಪಬೇಕು. ಸುಬೇದಾರರ ರಜೆ ಚೀಟಿಯ ತಾರೀಕು ಅಂದರೆ ಇದೇ. ಎಲ್ಲಕ್ಕಿಂತ ದೊಡ್ಡದು, ಯುದ್ಧವೇ ಆಗಲಿ ಏನೇ ಆಗಲಿ, 21ನೇ ವಿಧಿಯ ಜೀವದ ಹಕ್ಕಿಗಾಗಿ ಕೋರ್ಟಿಗೆ ಹೋಗುವ ದಾರಿಯನ್ನು ಇನ್ನು ಮುಚ್ಚುವಂತಿಲ್ಲ. 1976ರ ಆ ತೀರ್ಪನ್ನು ಸುಪ್ರೀಂ ಕೋರ್ಟು 2017ರಲ್ಲಿ ರದ್ದು ಮಾಡಿತು. 2017ರ ಆ ಕೇಸು ಹಾಕಿದವರು ನಮ್ಮ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ. ಎಸ್. ಪುಟ್ಟಸ್ವಾಮಿ. ಹಳೆಯ ತೀರ್ಪು ತಪ್ಪು ಅಂತ ಬರೆದ ನ್ಯಾಯಮೂರ್ತಿ ಡಿ. ವೈ. ಚಂದ್ರಚೂಡ್ ಅವರ ತಂದೆ 1976ರ ಆ ನಾಲ್ವರಲ್ಲಿ ಒಬ್ಬರು.

ಹಕ್ಕು ಇಟ್ಟುಕೊಂಡು ಯುದ್ಧ ಗೆಲ್ಲೋಕಾಗುತ್ತಾ ಅಂತ ಕೇಳುವವರಿಗೆ ಕಾರ್ಗಿಲ್ ಇದೆ. ಸುಬೇದಾರರೇ ಆಗ ದ್ರಾಸ್ ಕಡೆ ಇದ್ದರಂತೆ. 1999ರಲ್ಲಿ ರಾಷ್ಟ್ರೀಯ ತುರ್ತು ಪರಿಸ್ಥಿತಿ ಘೋಷಣೆ ಆಗಲೇ ಇಲ್ಲ. ಶತ್ರು ಅಷ್ಟು ಒಳಗೆ ಬರುವ ತನಕ ಏನು ಮಾಡುತ್ತಿದ್ದಿರಿ ಅಂತ ವಿರೋಧ ಪಕ್ಷಗಳು ಯುದ್ಧ ನಡೆಯುವಾಗಲೇ ಕೇಳಿದವು. ಜುಲೈ 26ಕ್ಕೆ ಯುದ್ಧ ಮುಗಿಯಿತು. ಮೂರು ದಿನಕ್ಕೆ, 29ಕ್ಕೆ, ಎಲ್ಲಿ ಎಡವಿದೆವು ಅಂತ ನೋಡಲು ಸರ್ಕಾರವೇ ಸಮಿತಿ ಮಾಡಿತು. ಸೆಪ್ಟೆಂಬರಿನಲ್ಲಿ ಚುನಾವಣೆ ಶುರುವಾಯಿತು. ಆಗ ಪ್ರಧಾನಿಯಾಗಿದ್ದವರು, 1975ರಲ್ಲಿ ಬೆಂಗಳೂರಿನ ಜೈಲಿನಲ್ಲಿ ಕೂತಿದ್ದ ಅದೇ ವಾಜಪೇಯಿ. ಇದನ್ನು ಹೇಳಿದಾಗ ಸುಬೇದಾರರು ತಲೆಯಾಡಿಸಿ, "ನಮಗೆ ಹಿಂದಿನಿಂದ ಯಾರೂ ಕಾಲೆಳೆದ ಹಾಗೆ ಅನ್ನಿಸಲಿಲ್ಲ" ಅಂದರು.

ಹಾಗಂತ ನಾನು ನೆಮ್ಮದಿಯಾಗಿಲ್ಲ. ಈಗ ತುರ್ತು ಪರಿಸ್ಥಿತಿ ಘೋಷಿಸುವ ಕಷ್ಟವನ್ನೇ ತೆಗೆದುಕೊಳ್ಳಬೇಕಿಲ್ಲ. 2025ರ ಮೇ ತಿಂಗಳಲ್ಲಿ ಪಾಕಿಸ್ತಾನದ ಜೊತೆ ನಾಲ್ಕು ದಿನದ ಸಂಘರ್ಷ ನಡೆದಾಗ 8,000ಕ್ಕೂ ಹೆಚ್ಚು ಖಾತೆಗಳನ್ನು ಭಾರತದಲ್ಲಿ ಮುಚ್ಚಿ ಅಂತ ಸರ್ಕಾರದಿಂದ ಆದೇಶ ಬಂದಿದೆ ಅಂತ ಎಕ್ಸ್ (ಹಿಂದಿನ ಟ್ವಿಟರ್) ಕಂಪನಿ ಹೇಳಿತು. ಯಾವ ಪೋಸ್ಟು ತಪ್ಪು ಅಂತ ಹೆಚ್ಚಿನವುಗಳ ವಿಷಯದಲ್ಲಿ ತಿಳಿಸಿಯೇ ಇಲ್ಲ ಅಂತಲೂ ಹೇಳಿತು. ಅವುಗಳಲ್ಲಿ ಸುಳ್ಳು ಸುದ್ದಿ ಹಬ್ಬಿಸಿದವರು ಇದ್ದಿರಬಹುದು. ಅಂಥವರನ್ನು ತಡೆಯಲೇಬೇಕು. ಆದರೆ ಇಂಥ ಆದೇಶಗಳನ್ನು ಗುಟ್ಟಾಗಿ ಇಡಬೇಕು ಅಂತ ನಿಯಮವೇ ಇದೆ. ಯಾರನ್ನು ಯಾಕೆ ಮುಚ್ಚಿದರು ಅಂತ ನನಗೂ ನಿಮಗೂ ಗೊತ್ತಾಗುವ ದಾರಿ ಇಲ್ಲ.

ಆ ವಾರ ತರಗತಿ ಮುಗಿದ ಮೇಲೆ ಒಬ್ಬ ಹುಡುಗಿ ಮೊಬೈಲು ಹಿಡಿದು ಹತ್ತಿರ ಬಂದಳು. ಅವಳು ದಿನಾ ಓದುತ್ತಿದ್ದ ಒಂದು ಖಾತೆ ತೆರೆಯುತ್ತಿರಲಿಲ್ಲ. ಕಾನೂನಿನ ಕೋರಿಕೆಯ ಮೇರೆಗೆ ಭಾರತದಲ್ಲಿ ತಡೆಹಿಡಿಯಲಾಗಿದೆ ಅಂತ ಒಂದು ಸಾಲು ಮಾತ್ರ ಕಾಣುತ್ತಿತ್ತು. "ಇದು ಎಷ್ಟು ದಿನ ಮೇಡಂ?" ಅಂತ ಕೇಳಿದಳು. ಇಬ್ಬರೂ ಸ್ಕ್ರೀನನ್ನು ಮೇಲಿಂದ ಕೆಳಗೆ ಹುಡುಕಿದೆವು. ತಾರೀಕು ಎಲ್ಲೂ ಬರೆದಿರಲಿಲ್ಲ.