ಕರ್ನಲ್ ಸೈತೋಗಿಂತ ಹಿಂದಿನ ಹಯಕಾವಾ

ಜಪಾನಿ ನಟ ಸೆಸ್ಸ್ಯೂ ಹಯಕಾವಾ ನನಗೆ ಬಹುಕಾಲ ‘ದಿ ಬ್ರಿಡ್ಜ್ ಆನ್ ದಿ ರಿವರ್ ಕ್ವಾಯ್’ ಚಿತ್ರದಲ್ಲಿ ಯುದ್ಧಕೈದಿಗಳ ಶಿಬಿರ ನಡೆಸುವ ಜಪಾನಿ ಅಧಿಕಾರಿ ಕರ್ನಲ್ ಸೈತೋ ಮಾತ್ರವಾಗಿದ್ದರು. ಕಳೆದ ಮಳೆಗಾಲದ ಒಂದು ಭಾನುವಾರ, ಹೊರಗೆ ಕಾಲಿಡಲಾಗದಂತೆ ಮಳೆ ಹಿಡಿದಿದ್ದಾಗ, ಅವರ 1915ರ ಮೂಕಿಚಿತ್ರ ‘ದಿ ಚೀಟ್’ ನೋಡಲು ಕುಳಿತೆ.

ಅದರಲ್ಲಿ ಅವರದು ಜಪಾನಿ ದಂತವ್ಯಾಪಾರಿಯ ಪಾತ್ರ. ಸಾಲದ ಹಣವನ್ನು ಮರಳಿಸಿ, ಅದಕ್ಕೆ ಪ್ರತಿಯಾಗಿ ಅವನ ಸಂಗಕ್ಕೆ ಒಪ್ಪಿ ಕೊಟ್ಟ ಮಾತಿನಿಂದ ಜಾರಿಕೊಳ್ಳಲು ನೋಡುವ ಶ್ರೀಮಂತ ಮಹಿಳೆಯ ಭುಜಕ್ಕೆ, ತನ್ನ ಸ್ವತ್ತುಗಳಿಗೆ ಒತ್ತುವ ಮುದ್ರೆಯನ್ನೇ ಕಾಯಿಸಿ ಅವನು ಬರೆ ಎಳೆಯುತ್ತಾನೆ. ಸುತ್ತಲಿನವರೆಲ್ಲ ಕೈ ಬೀಸಿ, ಎದೆ ಹಿಡಿದುಕೊಂಡು ನಟಿಸುತ್ತಿದ್ದರೆ ಹಯಕಾವಾ ಅವರ ಮುಖದಲ್ಲಿ ಕದಲುವುದು ಹೆಚ್ಚುಕಡಿಮೆ ಕಣ್ಣುಗಳಷ್ಟೇ. ಈ ಖಳಪಾತ್ರವೇ ಅವರನ್ನು ದೊಡ್ಡ ತಾರೆಯಾಗಿಸಿತು. ಅಮೆರಿಕದಲ್ಲಿದ್ದ ಜಪಾನೀಯರು ಪ್ರತಿಭಟಿಸಿದ್ದರಿಂದ 1918ರ ಮರುಬಿಡುಗಡೆಯಲ್ಲಿ ಬರಹಫಲಕಗಳನ್ನು ಬದಲಿಸಿ ಪಾತ್ರವನ್ನು ಬರ್ಮಾದವನನ್ನಾಗಿ ಮಾಡಿದರು. (ಬರ್ಮಾದವರನ್ನು ಯಾರೂ ಕೇಳಿದಂತಿಲ್ಲ.)

ಅದೇ ವರ್ಷ ಹಯಕಾವಾ ಹಾವರ್ತ್ ಪಿಕ್ಚರ್ಸ್ ಎಂಬ ಸ್ವಂತ ಸಂಸ್ಥೆ ಕಟ್ಟಿದರು. ಪರರು ಕೊಟ್ಟ ಖಳ ಅಥವಾ ತ್ಯಾಗಿಯ ಪಾತ್ರಗಳು ಸಾಕಾಗಿದ್ದ ನಟನಿಗೆ ಬೇರೆ ದಾರಿಯೂ ಇರಲಿಲ್ಲವೆಂದು ನನಗನ್ನಿಸುತ್ತದೆ. 1922ರ ಹೊತ್ತಿಗೆ ಅವರು ಹಾಲಿವುಡ್ ಬಿಟ್ಟರು. ಮುಂದೆ ಫ್ರಾನ್ಸ್, ಜಪಾನ್ ಎಂದು ಅಲೆದು, ಎರಡನೆಯ ಮಹಾಯುದ್ಧದ ಕಾಲದಲ್ಲಿ ಪ್ಯಾರಿಸ್‌ನಲ್ಲಿ ಜಲವರ್ಣ ಚಿತ್ರಗಳನ್ನು ಮಾರಿ ಜೀವನ ಸಾಗಿಸಿದರು.

ಮಧ್ಯಾಹ್ನ ಮತ್ತೆ ‘ಕ್ವಾಯ್’ ನೋಡಿದೆ. ಮೊದಲ ಚಿತ್ರಕ್ಕೂ ಇದಕ್ಕೂ 42 ವರ್ಷಗಳ ಅಂತರವಿದ್ದರೂ ಆ ಬಿಗಿದ ಮುಖ ಹಾಗೆಯೇ ಇತ್ತು. ಆದ್ದರಿಂದಲೇ, ಕೈದಿಯಾಗಿದ್ದ ಬ್ರಿಟಿಷ್ ಕರ್ನಲ್‌ನ ಹಠಕ್ಕೆ ಮಣಿದ ಸೈತೋ ತನ್ನ ಕೋಣೆಯಲ್ಲಿ ಒಬ್ಬನೇ ಬಿಕ್ಕಿ ಅಳುವಾಗ ಹಿಂದೆಂದೂ ಆಗದಷ್ಟು ಸಂಕಟವಾಯಿತು. ಎಪ್ಪತ್ತರ ಆಸುಪಾಸಿನಲ್ಲಿದ್ದ ಅವರಿಗೆ ಆಸ್ಕರ್ ಪೋಷಕ ನಟ ವಿಭಾಗದಲ್ಲಿ ನಾಮನಿರ್ದೇಶನ ದೊರೆತರೂ ಪ್ರಶಸ್ತಿ ನಟ ರೆಡ್ ಬಟನ್ಸ್ ಪಾಲಾಯಿತು.

ರಾತ್ರಿ ನೋಡಿದ್ದು ಹಾವರ್ತ್ ಸಂಸ್ಥೆಯ 1919ರ ‘ದಿ ಡ್ರ್ಯಾಗನ್ ಪೇಂಟರ್’. ಕಳೆದುಹೋದ ರಾಜಕುಮಾರಿಯನ್ನು ಅರಸುತ್ತ ಬೆಟ್ಟಗಳಲ್ಲಿ ಹುಚ್ಚನಂತೆ ಅಲೆಯುವ ಚಿತ್ರಕಾರನಿಗೆ, ಮದುವೆಯಾಗಿ ಸುಖ ಸಿಕ್ಕೊಡನೆ ಕುಂಚವೇ ಓಡುವುದಿಲ್ಲ. ನಾಯಕಿ ಹಯಕಾವಾ ಅವರ ಪತ್ನಿ ತ್ಸುರು ಆವೊಕಿ. ಜಪಾನಿನ ಬೆಟ್ಟಗಳಾಗಿ ಕಾಣಿಸುವುದು ಕ್ಯಾಲಿಫೋರ್ನಿಯಾದ ಯೊಸೆಮಿಟಿ ಕಣಿವೆ. ಬೆಳಗಿನಿಂದ ಕಂಡ ಆ ಗಡಸು ಮುಖ ಇಲ್ಲಿಲ್ಲ. ತಾವೇ ನಿರ್ಮಿಸಿದ ಈ ಚಿತ್ರದಲ್ಲಿ ಹಯಕಾವಾ ಮೈಚಳಿ ಬಿಟ್ಟು ಕುಣಿದಾಡುತ್ತಾರೆ. ಕಥೆ ಅಷ್ಟೇನೂ ಗಟ್ಟಿಯಲ್ಲದಿದ್ದರೂ ಮೂರರಲ್ಲಿ ನಾನು ಮತ್ತೊಮ್ಮೆ ನೋಡಬಯಸುವುದು ಇದನ್ನೇ.