ಉತ್ತರ ಮೊದಲು ಬರೆದ ಲೆಕ್ಕ

ತೀರ್ಥಹಳ್ಳಿ ಕಡೆಯ ಒಂದು ಅಡಿಕೆ ಸಂಸ್ಕರಣೆ ಘಟಕದಲ್ಲಿ ನಾನು ಲೆಕ್ಕ ಬರೆಯುತ್ತೇನೆ. 22 ಮನೆಯವರು ಪಾಲು ಹಾಕಿ ಕಟ್ಟಿದ್ದು. ಸುಲಿಯುವ ಯಂತ್ರ, ಬೇಯಿಸುವ ಹಂಡೆ, ಮೂರು ಡ್ರೈಯರ್ ಇವೆ. ಅಡಿಕೆ ಕೊಯ್ಲು ಶುರುವಾದರೆ ಯಾರಿಗೆ ಯಾವತ್ತು ಡ್ರೈಯರ್ ಅನ್ನೋದೇ ದೊಡ್ಡ ಮಾತು. ಬೇಯಿಸಿದ ಅಡಿಕೆ ಯಾರಿಗೂ ಕಾಯುವುದಿಲ್ಲ. ಎರಡು ದಿನ ಮೋಡ ಕವಿದರೆ ಅಂಗಳದಲ್ಲಿದ್ದದ್ದು ಬೂಸ್ಟು ಹಿಡಿಯುತ್ತದೆ, ಮಂಡಿಯಲ್ಲಿ ರಾಶಿ ಅನ್ನುವ ಒಳ್ಳೆ ದರ್ಜೆಯ ದರ ಕೈತಪ್ಪುತ್ತದೆ. ಹಾಗಾಗಿ ನಮ್ಮಲ್ಲಿ ಪಾಲು ಅಂದರೆ ದುಡ್ಡಿಗಿಂತ ಹೆಚ್ಚಾಗಿ ದಿನ.

ಹೋದ ವರ್ಷ ಆ ಪಾಲನ್ನು ಹೊಸದಾಗಿ ಲೆಕ್ಕ ಹಾಕುವ ಕೆಲಸ ನನಗೆ ಬಂತು. ಹಳೇ ಪಾಲು 2009ರದ್ದು, ತೋಟದ ಎಕರೆ ನೋಡಿ ಕಟ್ಟಿದ್ದು. ಆಮೇಲೆ ಎಷ್ಟೋ ಗದ್ದೆಗಳು ತೋಟವಾದವು. ಎಲೆಚುಕ್ಕಿ ರೋಗ ಬಂದು ಕೆಲವು ಹಳೇ ತೋಟಗಳ ಫಸಲು ಇಳಿಯಿತು. ದೊಡ್ಡ ಪಾಲಿನ ಮನೆಗೆ ಬಿಟ್ಟಿದ್ದ ಡ್ರೈಯರ್ ಒಂದೊಂದು ದಿನ ಖಾಲಿ ಇರುತ್ತಿತ್ತು. ಅದೇ ದಿನ ಸಣ್ಣ ಪಾಲಿನವರು ಹೊರಗೆ ಟಾರ್ಪಾಲ್ ಹೊದಿಸಿಕೊಂಡು ಆಕಾಶ ನೋಡುತ್ತಾ ನಿಂತಿರುತ್ತಿದ್ದರು. ಅದನ್ನು ನೋಡಿದಾಗಲೆಲ್ಲ ನನಗೆ ಸಂಕಟವಾಗುತ್ತಿತ್ತು.

ಶಂಕರಘಟ್ಟದಲ್ಲಿ ಎಂ.ಎ. ಓದುವಾಗ ಐಎಂಎಫ್‌ನ ಕೋಟಾ ಸೂತ್ರವನ್ನು ಬಾಯಿಪಾಠ ಮಾಡಿದ್ದೆ. ಅಂತಾರಾಷ್ಟ್ರೀಯ ಹಣಕಾಸು ನಿಧಿಯಲ್ಲಿ ಪ್ರತಿ ದೇಶಕ್ಕೂ ಕೋಟಾ ಅನ್ನುವ ಒಂದು ಪಾಲು ಇರುತ್ತದೆ. ದೇಶ ಎಷ್ಟು ದುಡ್ಡು ಕಟ್ಟಬೇಕು, ಎಷ್ಟು ಸಾಲ ಎತ್ತಬಹುದು, ಅದರ ಮಾತಿಗೆ ಎಷ್ಟು ತೂಕ, ಎಲ್ಲ ಆ ಪಾಲಿನ ಮೇಲೆ. ಈಗಿನ ಸೂತ್ರ 2008ರದ್ದು. ಜಿಡಿಪಿಗೆ 50, ವ್ಯಾಪಾರದ ಮುಕ್ತತೆಗೆ, ಅಂದರೆ ಹೊರದೇಶಗಳ ಜೊತೆಗಿನ ವಹಿವಾಟಿಗೆ 30, ಹೊರಗಿಂದ ಬರುವ ಹಣದ ಏರುಪೇರಿಗೆ 15, ವಿದೇಶಿ ವಿನಿಮಯ ಮೀಸಲಿಗೆ 5. ಜಗತ್ತೇ ಇದನ್ನು ಬಳಸುತ್ತದೆ ಅಂದಮೇಲೆ ನಮಗೂ ಸಾಕು ಅನ್ನಿಸಿತು. ಜಿಡಿಪಿ ಜಾಗದಲ್ಲಿ ಎಕರೆ, ವ್ಯಾಪಾರದ ಜಾಗದಲ್ಲಿ ನನ್ನ ಖಾತೆ ಪುಸ್ತಕದ ವಹಿವಾಟು, ಏರುಪೇರಿಗೆ ಫಸಲಿನ ಏರುಪೇರು. ಕ್ರಮವಾಗಿ 50, 30, 20 ಕೊಟ್ಟೆ.

ಮೊದಲ ಸಲ ಲೆಕ್ಕ ಹಾಕಿದಾಗ ಒಂದು ದೊಡ್ಡ ಮನೆಯ ಪಾಲು ತುಂಬಾ ಇಳಿಯಿತು. ಘಟಕಕ್ಕೆ ಜಾಗ ಕೊಟ್ಟವರು ಅವರೇ. ಇದನ್ನು ಸಭೆಯಲ್ಲಿ ಇಡೋದು ಹೇಗೆ ಅಂತ ಹೆದರಿಕೆಯಾಯಿತು. ಎಕರೆಯ ತೂಕವನ್ನು 55 ಮಾಡಿದೆ. ಸಾಲಲಿಲ್ಲ, 60 ಮಾಡಿದೆ. ಆಗ ಕೆಳಗಿನ ಕೇರಿಯ ಎರಡು ಮನೆಗೆ ಕಮ್ಮಿಯಾಯಿತು. ಅವರಿಗೋಸ್ಕರ ವಹಿವಾಟಿನಿಂದ ಸ್ವಲ್ಪ ತೆಗೆದು ಏರುಪೇರಿಗೆ ಸೇರಿಸಿದೆ. ರಾತ್ರಿ ಹನ್ನೊಂದರ ತನಕ ಹೀಗೇ ಕೂತು, ಯಾರಿಗೂ ಜಾಸ್ತಿ ನೋವಾಗದ ಒಂದು ಪಟ್ಟಿ ಮಾಡಿದೆ. ಅದಕ್ಕೆ ಸೂತ್ರ ಅಂತ ಹೆಸರಿಟ್ಟೆ. ನಾನು ಮಾಡಿದ ದೊಡ್ಡ ತಪ್ಪು ಇದು.

ಸಭೆಯಲ್ಲಿ ಪಟ್ಟಿ ಹಂಚಿದೆ. ಎಲ್ಲರ ಬೆರಳೂ ಅವರವರ ಹೆಸರಿನ ಸಾಲಿನ ಮೇಲೆಯೇ. ಹಿರಿಯರೊಬ್ಬರು ಮಾತ್ರ ಪಟ್ಟಿ ಮಡಚಿಟ್ಟು ಕೇಳಿದರು, "ಎಕರೆಗೆ 60 ಯಾಕೆ? 45 ಯಾಕಲ್ಲ?" ನನ್ನ ಹತ್ತಿರ ಉತ್ತರ ಇರಲಿಲ್ಲ. ಇದ್ದ ಒಂದೇ ಉತ್ತರವನ್ನು ಎಲ್ಲರೆದುರು ಹೇಳುವ ಹಾಗಿರಲಿಲ್ಲ. ಆ ದಿನ ಯಾವ ತೀರ್ಮಾನವೂ ಆಗಲಿಲ್ಲ.

ಮನೆಗೆ ಬಂದು ಹಳೇ ನೋಟ್ಸ್ ತೆಗೆದೆ. ಪರೀಕ್ಷೆಗೆ ಓದುವಾಗ ದಾಟಿ ಹೋಗಿದ್ದ ಒಂದು ಸಂಗತಿ ಕಣ್ಣಿಗೆ ಬಿತ್ತು. ನಿಧಿ ಹುಟ್ಟುವ ಮೊದಲೇ, 1943ರಲ್ಲಿ, ಅಮೆರಿಕದ ಖಜಾನೆಯ ಹ್ಯಾರಿ ಡೆಕ್ಸ್‌ಟರ್ ವೈಟ್ ತಮ್ಮ ಕಿರಿಯ ಅರ್ಥಶಾಸ್ತ್ರಜ್ಞ ರೇಮಂಡ್ ಮೈಕ್‌ಸೆಲ್‌ಗೆ ಒಂದು ಸೂತ್ರ ಮಾಡಲು ಹೇಳಿದರು. ಚಿನ್ನ ಮತ್ತು ಡಾಲರ್ ಸಂಗ್ರಹ, ರಾಷ್ಟ್ರೀಯ ವರಮಾನ, ವಿದೇಶಿ ವ್ಯಾಪಾರ ಇವು ಸೂತ್ರದಲ್ಲಿರಬೇಕು. ಯಾವುದಕ್ಕೆ ಎಷ್ಟು ತೂಕ ಅಂತ ಹೇಳಲಿಲ್ಲ. ಆದರೆ ಉತ್ತರ ಎಷ್ಟು ಬರಬೇಕು ಅಂತ ಹೇಳಿದ್ದರು. ಅಮೆರಿಕಕ್ಕೆ ಸುಮಾರು 290 ಕೋಟಿ ಡಾಲರ್, ಬ್ರಿಟನ್‌ಗೆ ಅದರ ಅರ್ಧದಷ್ಟು, ಸೋವಿಯತ್ ಒಕ್ಕೂಟಕ್ಕೆ ಬ್ರಿಟನ್‌ಗಿಂತ ತುಸು ಕಡಿಮೆ, ಚೀನಾಕ್ಕೆ ಇನ್ನೂ ಸ್ವಲ್ಪ ಕಡಿಮೆ. ಮೈಕ್‌ಸೆಲ್ ಲೆಕ್ಕ ಹಾಕುತ್ತಾ ತಿದ್ದುತ್ತಾ ಹೋದರು. ವರಮಾನದ ನೂರಕ್ಕೆ 2, ಚಿನ್ನ ಡಾಲರ್‌ನ 5, ಆಮದಿನ 10, ರಫ್ತಿನ ಏರುಪೇರಿನ 10 ಅನ್ನುವ ಸೂತ್ರ ಹುಟ್ಟಿತು. ಈ ಕಥೆಯನ್ನು ಮುಂದೆ ಅವರೇ ಬರೆದಿದ್ದಾರೆ. ಓದಿ ಮುಗಿಸಿದಾಗ ನನ್ನ ಆ ರಾತ್ರಿಯೇ ನೆನಪಾಯಿತು.

ಆವತ್ತಿನ ಪಾಲಿನಲ್ಲಿ ಭಾರತಕ್ಕೆ 40 ಕೋಟಿ ಡಾಲರ್ ಬಂದಿತ್ತು. ಸೋವಿಯತ್ ಒಕ್ಕೂಟ ಸೇರದೇ ಹೋದ್ದರಿಂದ ನಾವು ಐದನೇ ಜಾಗದಲ್ಲಿದ್ದೆವು. ಈಗ ಎಂಟನೇ ಜಾಗ, ಪಾಲು ನೂರಕ್ಕೆ 2.75, ಮತ 2.63. ಬಾಂಗ್ಲಾದೇಶ, ಶ್ರೀಲಂಕಾ, ಭೂತಾನ್ ಜೊತೆ ಸೇರಿ ನಿಧಿಯ ಆಡಳಿತ ಮಂಡಳಿಯಲ್ಲಿ ನಮಗೆ ಒಬ್ಬ ನಿರ್ದೇಶಕ. ಅಮೆರಿಕದ ಮತ ಸುಮಾರು 16.5. ದೊಡ್ಡ ಬದಲಾವಣೆಗೆ ನೂರಕ್ಕೆ 85 ಮತ ಬೇಕು. ಅಂದರೆ ಒಂದೇ ದೇಶ ಬೇಡ ಅಂದರೆ ಬಾಗಿಲು ಮುಚ್ಚಿತು. ಇದು ದೂರದ ವಿಷಯ ಅನ್ನಿಸಬಹುದು, ಆದರೆ ಅಲ್ಲ. ಕೋವಿಡ್ ಸಮಯದಲ್ಲಿ, 2021ರ ಆಗಸ್ಟಿನಲ್ಲಿ, ನಿಧಿ 65,000 ಕೋಟಿ ಡಾಲರ್ ಮೌಲ್ಯದ ಎಸ್‌ಡಿಆರ್, ಅಂದರೆ ದೇಶಗಳು ಮೀಸಲಾಗಿ ಇಟ್ಟುಕೊಳ್ಳುವ ನಿಧಿಯದೇ ಆಸ್ತಿ, ಹಂಚಿತು. ಹಂಚಿದ್ದು ಅಗತ್ಯ ನೋಡಿ ಅಲ್ಲ, ಪಾಲು ನೋಡಿ. ಇಡೀ ಆಫ್ರಿಕಾ ಖಂಡಕ್ಕೆ ಸಿಕ್ಕಿದ್ದು ಸುಮಾರು 3,300 ಕೋಟಿ. ಟಾರ್ಪಾಲ್ ಹೊದಿಸಿಕೊಂಡು ನಿಂತವರು ಅಲ್ಲೂ ಇದ್ದಾರೆ.

ಎರಡನೇ ಸಲ ಲೆಕ್ಕಕ್ಕೆ ಕೂತಾಗ ಪ್ರತಿ ತೂಕವನ್ನೂ ಬೇರೆ ಬೇರೆ ನೋಡಿದೆ.

ಮೊದಲು ವಹಿವಾಟು. ನಮ್ಮಲ್ಲಿ ಒಂದು ಮನೆಯ ಅಣ್ಣತಮ್ಮಂದಿರು ಹಿಸೆಯಾಗಿದ್ದಾರೆ. ತಮ್ಮನ ಹಸಿ ಅಡಿಕೆ ಮೊದಲು ಅಣ್ಣನ ಹೆಸರಲ್ಲಿ ಒಳಗೆ ಬರುತ್ತದೆ, ಸುಲಿತ ಆಗಿ ತಮ್ಮನ ಹೆಸರಿಗೆ ಹೋಗುತ್ತದೆ. ನನ್ನ ಪುಸ್ತಕದಲ್ಲಿ ಒಂದೇ ಅಡಿಕೆ ಎರಡು ಸಲ ಲೆಕ್ಕವಾಗಿತ್ತು. ಒಟ್ಟಿಗೇ ಇದ್ದ ಮನೆಗಿಂತ ಹಿಸೆಯಾದ ಮನೆಯ ವಹಿವಾಟು ಜಾಸ್ತಿ ಕಾಣುತ್ತಿತ್ತು. ಯೂರೋ ಬಳಸುವ ದೇಶಗಳ ವಿಷಯವೂ ಇದೇ ಅಲ್ವಾ? ಒಂದೇ ನಾಣ್ಯ, ಒಂದೇ ಕೇಂದ್ರ ಬ್ಯಾಂಕ್. ಆದರೂ ಜರ್ಮನಿಯಿಂದ ಬೆಲ್ಜಿಯಂಗೆ ಹೋದ ಸರಕು ಮುಕ್ತತೆಯ ಲೆಕ್ಕಕ್ಕೆ ಸೇರುತ್ತದೆ. ಶಿವಮೊಗ್ಗದಿಂದ ದಿಲ್ಲಿಗೆ ಹೋಗುವ ಅಡಿಕೆ ಸೇರುವುದಿಲ್ಲ. ಭಾರತದಂಥ ದೊಡ್ಡ ದೇಶದಲ್ಲಿ ವ್ಯಾಪಾರದ ಬಹುಪಾಲು ಒಳಗೇ ನಡೆಯುತ್ತದೆ. ಅದನ್ನು ಲೆಕ್ಕಕ್ಕೇ ಹಿಡಿಯದ ಅಳತೆಗೆ 30 ತೂಕ ಕೊಟ್ಟಿರುವುದು ನ್ಯಾಯ ಅಂತ ನನಗೆ ಅನ್ನಿಸುವುದಿಲ್ಲ.

ಏರುಪೇರನ್ನು ಪೂರ್ತಿ ಕೈಬಿಟ್ಟೆ. ಫಸಲು ಏರಿಳಿಯುವವರಿಗೆ ಕಷ್ಟ ಜಾಸ್ತಿ, ಅವರಿಗೆ ದಿನ ಜಾಸ್ತಿ ಸಿಗಲಿ ಅನ್ನೋದು ನನ್ನ ಯೋಚನೆಯಾಗಿತ್ತು. ಪುಸ್ತಕ ತಿರುವಿದರೆ ಅತಿ ಹೆಚ್ಚು ಏರುಪೇರು ಕಂಡದ್ದು ಒಂದು ವರ್ಷ ಫಸಲನ್ನು ಮರದಲ್ಲಿರುವಾಗಲೇ ಬೇರೆಯವರಿಗೆ ಖೇಣಿ ಕೊಟ್ಟು, ಮರುವರ್ಷ ತಾವೇ ಕೊಯ್ಲು ಮಾಡಿಸುವ ಮನೆಯದು. ಅದು ಕಷ್ಟ ಅಲ್ಲ, ಅವರ ಆಯ್ಕೆ. ನಿಧಿಯಲ್ಲೂ ಈ ಅಂಕಿ ಸಾಲದ ಅಗತ್ಯವನ್ನು ಸರಿಯಾಗಿ ತೋರಿಸುವುದಿಲ್ಲ ಅಂತ ಒಳಗಿನವರ ಅಧ್ಯಯನಗಳೇ ಹೇಳಿವೆ. ಆದರೂ 15 ಹಾಗೇ ಉಳಿದಿದೆ.

ಜಿಡಿಪಿಯಲ್ಲೂ ಒಂದು ಜಗಳ ಇದೆ. ಸೂತ್ರದಲ್ಲಿ ಅದರ 60 ಭಾಗ ಮಾರುಕಟ್ಟೆ ವಿನಿಮಯ ದರದ ಮೇಲೆ, 40 ಭಾಗ ಕೊಳ್ಳುವ ಶಕ್ತಿಯ ಮೇಲೆ. ಕೊಪ್ಪದಲ್ಲಿ ಒಂದು ದೋಸೆ ತಿನ್ನುವ ದುಡ್ಡಿಗೆ ನ್ಯೂಯಾರ್ಕಲ್ಲಿ ನೀರಿನ ಬಾಟಲಿಯೂ ಬರಲ್ಲ. ಕೊಳ್ಳುವ ಶಕ್ತಿ ನೋಡಿದರೆ ಭಾರತ ಜಗತ್ತಿನಲ್ಲಿ ಮೂರನೇ ದೊಡ್ಡ ಆರ್ಥಿಕತೆ. ಅದಕ್ಕೇ ಭಾರತ ಆ ಭಾಗ ಜಾಸ್ತಿ ಆಗಲಿ ಅಂತ ಕೇಳುತ್ತಾ ಬಂದಿದೆ.

ನನಗೆ ಅತಿ ಹೆಚ್ಚು ಕಲಿಸಿದ್ದು ಸೂತ್ರದ ಹೊರಗಿದ್ದ ಒಂದು ಸಣ್ಣ ಸಾಲು. ನಮ್ಮ ಒಪ್ಪಂದದಲ್ಲಿ ಪಾಲು ಎಷ್ಟೇ ಇರಲಿ, ಪ್ರತಿ ಮನೆಗೆ ಒಂದು ದಿನ ಕಡ್ಡಾಯ ಅಂತ ಬರೆದಿತ್ತು. ಆಗ ಇದ್ದದ್ದು ಒಂದೇ ಡ್ರೈಯರ್, ಹಂಗಾಮಿಗೆ 90 ದಿನ. ಅದರಲ್ಲಿ 22 ದಿನ ಎಲ್ಲರಿಗೂ ಸಮ. ಹತ್ತಿರ ಹತ್ತಿರ ಕಾಲು ಭಾಗ. ಆಮೇಲೆ ಡ್ರೈಯರ್ ಮೂರಾದವು, ದಿನ 270 ಆಯಿತು. ಸಮನಾದ ದಿನ ಮಾತ್ರ 22ರಲ್ಲೇ ನಿಂತಿತು. ಈಗ ಅದು ನೂರಕ್ಕೆ 8. ಯಾರೂ ಕದಿಯಲಿಲ್ಲ, ಯಾರೂ ಮೋಸ ಮಾಡಲಿಲ್ಲ. ಒಟ್ಟು ಬೆಳೆಯಿತು, ಸಣ್ಣವರ ಪಾಲು ತಾನೇ ಕರಗಿತು. 15 ವರ್ಷ ಈ ಪುಸ್ತಕವನ್ನು ನಾನೇ ಬರೆದಿದ್ದೇನೆ. ನನಗೂ ಕಾಣಲಿಲ್ಲ.

ನಿಧಿಯಲ್ಲಿ ಇದಕ್ಕೆ ಮೂಲ ಮತ ಅನ್ನುತ್ತಾರೆ. ಪ್ರತಿ ದೇಶಕ್ಕೂ 250 ಮತ ಅಂತ ಶುರುವಿನಲ್ಲಿ ಕೊಟ್ಟರು. ಆಗ ಅದು ಒಟ್ಟು ಮತದಲ್ಲಿ ನೂರಕ್ಕೆ 11ಕ್ಕಿಂತ ಜಾಸ್ತಿ ಇತ್ತು. ಪಾಲಿನ ಮೊತ್ತ ಸಲಸಲಕ್ಕೂ ಏರಿತು, 250 ಏರಲಿಲ್ಲ. ಕೊನೆಗೆ ನೂರಕ್ಕೆ ಎರಡರ ಹತ್ತಿರ ಬಂತು. 2008ರಲ್ಲಿ ಒಪ್ಪಿ, 2011ರಲ್ಲಿ ಜಾರಿಗೆ ಬಂದ ಸುಧಾರಣೆಯಲ್ಲಿ ಅದನ್ನು ಒಟ್ಟು ಮತದ 5.502 ಭಾಗ ಅಂತ ಕಟ್ಟಿಹಾಕಿದರು. ಈಗ ಒಟ್ಟು ಎಷ್ಟೇ ಬೆಳೆದರೂ ಅದು ಕರಗುವುದಿಲ್ಲ. ಆವತ್ತಿನಿಂದ ಯಾವ ಒಪ್ಪಂದ ಬರೆಯುವಾಗಲೂ ಸಣ್ಣವರಿಗೆ ಅಂತ ಇಡುವುದನ್ನು ನಾನು ಸಂಖ್ಯೆಯಲ್ಲಿ ಬರೆಯುವುದಿಲ್ಲ, ಒಟ್ಟಿನ ಭಾಗವಾಗಿಯೇ ಬರೆಯುತ್ತೇನೆ.

ಆದರೆ ಒಳ್ಳೆಯ ಸೂತ್ರ ಇದ್ದರೆ ಸಾಕಾ? ನಮ್ಮಲ್ಲಿ ಪಾಲುದಾರರ ಸಹಿ ಇಲ್ಲದೆ ಅವರ ಪಾಲು ಇಳಿಸುವಂತಿಲ್ಲ. ನಿಧಿಯಲ್ಲೂ ಒಂದು ದೇಶದ ಕೋಟಾ ಬದಲಿಸಲು ಆ ದೇಶ ಒಪ್ಪಬೇಕು. ಸೂತ್ರ ಬರೀ ದಾರಿ ತೋರಿಸುತ್ತದೆ, ಪಾಲು ಗಟ್ಟಿಯಾಗುವುದು ಮಾತುಕತೆಯಲ್ಲಿ. ಈಗಿನ ಸೂತ್ರದ ಪ್ರಕಾರವೇ ಚೀನಾಕ್ಕೆ ಈಗಿರುವ 6.4ರ ಸುಮಾರು ಎರಡು ಪಟ್ಟು ಬರಬೇಕು. ಬಂದಿಲ್ಲ. 2010ರಲ್ಲಿ ಒಪ್ಪಿದ ಸುಧಾರಣೆ ಅಮೆರಿಕದ ಸಂಸತ್ತಿನಲ್ಲಿ ಕೂತು 2016ರ ಜನವರಿಯಲ್ಲಿ ಜಾರಿಗೆ ಬಂತು. 2023ರ ಡಿಸೆಂಬರಿನಲ್ಲಿ ಎಲ್ಲರ ಪಾಲನ್ನೂ ಒಂದೇ ಸಮ ಅರ್ಧದಷ್ಟು ಏರಿಸಲು ಒಪ್ಪಿದರು. ಎಲ್ಲರದ್ದೂ ಒಂದೇ ಸಮ ಏರಿದರೆ ಯಾರು ಎಲ್ಲಿದ್ದರೋ ಅಲ್ಲೇ. ಒಂದು ಒಳ್ಳೆಯ ಅವಕಾಶ ಕೈಬಿಟ್ಟಿತು ಅಂತ ನನಗೆ ನಿಜವಾಗಿ ಬೇಸರವಾಯಿತು. ಪಾಲು ಸರಿಮಾಡಲು ಒಟ್ಟು ಬೆಳೆಯುವ ಹೊತ್ತೇ ಸರಿಯಾದ ಹೊತ್ತು. ಆಗ ಯಾರ ಕೈಯಿಂದಲೂ ಕಿತ್ತುಕೊಳ್ಳಬೇಕಿಲ್ಲ. 2006ರಲ್ಲಿ ಸಿಂಗಪುರದಲ್ಲಿ ಹಾಗೆ ಮಾಡಿದ್ದರು. ಚೀನಾ, ದಕ್ಷಿಣ ಕೊರಿಯಾ, ಮೆಕ್ಸಿಕೋ, ಟರ್ಕಿ ಈ ನಾಲ್ಕಕ್ಕೆ ಮಾತ್ರ ಹೆಚ್ಚು ಕೊಟ್ಟರು.

ನಮ್ಮಲ್ಲಿ ನಾಲ್ಕನೇ ಡ್ರೈಯರ್ ತರುವ ಮಾತು ನಡೆಯುತ್ತಿತ್ತು. ಅದೇ ನಮಗೆ ದಾರಿಯಾಯಿತು. ಎರಡನೇ ಸಭೆಗೆ ನಾನು ಹೆಸರಿನ ಪಟ್ಟಿ ಒಯ್ಯಲಿಲ್ಲ. ಯಾವುದನ್ನು ಲೆಕ್ಕಕ್ಕೆ ಹಿಡಿಯಬೇಕು, ಯಾವುದಕ್ಕೆ ಎಷ್ಟು, ಇಷ್ಟನ್ನೇ ಬೋರ್ಡಿನ ಮೇಲೆ ಬರೆದೆವು. ಹಿಂದಿನ ಸಲ ಮಾಡಿದ್ದನ್ನೂ ಎಲ್ಲರೆದುರು ಹೇಳಿದೆ. ಯಾರೂ ಬೈಯಲಿಲ್ಲ. ಮೂರು ತಾಸು ಮಾತಾಡಿ, ಮೂರು ವರ್ಷದ ಸರಾಸರಿ ಒಣ ಅಡಿಕೆಗೆ 70, ಎಕರೆಗೆ 30 ಅಂತ ಒಪ್ಪಿದರು. 60 ಯಾಕೆ ಅಂತ ಕೇಳಿದ್ದ ಹಿರಿಯರೇ ಮೊದಲು ಕೈ ಎತ್ತಿದರು. ಅವರ ತೋಟಕ್ಕೂ ಚುಕ್ಕಿ ಬಡಿದಿದೆ, ಈ ಲೆಕ್ಕದಲ್ಲಿ ಅವರಿಗೆ ಲಾಭ ಇಲ್ಲ.

ಹಳೇ 270 ದಿನ ಮುಟ್ಟಲಿಲ್ಲ. ಹೊಸ 90ರಲ್ಲಿ 32 ದಿನ ಎಲ್ಲರಿಗೂ ಸಮ, ಉಳಿದ 58 ಹೊಸ ಸೂತ್ರದಂತೆ. ಸಮನಾದ ದಿನ ಒಟ್ಟು 54 ಆಯಿತು, ಅಂದರೆ ನೂರಕ್ಕೆ 15. ಒಪ್ಪಂದದಲ್ಲಿ ಬರೆದಿರುವುದು ನೂರಕ್ಕೆ 15 ಅಂತಲೇ.

ಒಂದು ಷರತ್ತು ಮಾತ್ರ ಬಾಕಿ ಇದೆ. ಐದು ವರ್ಷಕ್ಕೊಮ್ಮೆ ಪಾಲು ಪರಿಶೀಲಿಸಬೇಕು ಅನ್ನೋದಕ್ಕೆ ಎಲ್ಲರೂ ಒಪ್ಪಿದ್ದಾರೆ. ನಿಧಿಯಲ್ಲೂ ಐದು ವರ್ಷದ ನಿಯಮ ಇದೆ. ಆದರೂ 2020ರಲ್ಲಿ ಮುಗಿದ 15ನೇ ಪರಿಶೀಲನೆಯಲ್ಲಿ ಕೋಟಾ ಒಂದಿಷ್ಟೂ ಏರಲಿಲ್ಲ. ಹಾಗಾಗಿ ಇನ್ನೊಂದು ಸಾಲು ಸೇರಿಸಿದ್ದೇನೆ: ಆ ದಿನಾಂಕದೊಳಗೆ ಒಪ್ಪಂದ ಆಗದಿದ್ದರೆ, ಆಮೇಲೆ ಬರುವ ಹೊಸ ದಿನಗಳೆಲ್ಲ ತಾನೇ ಸೂತ್ರದಂತೆ ಹಂಚಿಕೆಯಾಗಬೇಕು. 15 ಮನೆಯವರು ಸಹಿ ಹಾಕಿದ್ದಾರೆ, ಇನ್ನು ಏಳು ಬಾಕಿ. ಜಾಗ ಕೊಟ್ಟ ಮನೆಯವರು ಯೋಚಿಸಿ ಹೇಳುತ್ತೇವೆ ಅಂದಿದ್ದಾರೆ. ನಾಳೆ ಮಳೆ ಹೊಳವಾದರೆ ಪುಸ್ತಕ ಹಿಡಿದುಕೊಂಡು ಅವರ ಮನೆಗೆ ಹೋಗುತ್ತೇನೆ.