ರೇಸಿಮಿಕ್: ಸಮಪಾಲಿನ ಎಡ-ಬಲ

ಸೇಡಂನಲ್ಲಿ ಪಿಯುಸಿ ಮಕ್ಕಳಿಗೆ ರಸಾಯನಶಾಸ್ತ್ರ ಕಲಿಸುವ ನನಗೆ ‘ರೇಸಿಮಿಕ್’ ಪದದ ಮೇಲೆ ವಿಶೇಷ ಮಮತೆ. ಎಡಗೈ-ಬಲಗೈಗಳಂತೆ ಪರಸ್ಪರ ಪ್ರತಿಬಿಂಬವಾಗಿರುವ ಎರಡು ಅಣುರೂಪಗಳು ಸಮಪ್ರಮಾಣದಲ್ಲಿ ಬೆರೆತರೆ ಅದು ರೇಸಿಮಿಕ್ ಮಿಶ್ರಣ. ಒಂದು ರೂಪ ಧ್ರುವೀಕೃತ ಬೆಳಕನ್ನು (ಒಂದೇ ಸಮತಲದಲ್ಲಿ ಕಂಪಿಸುವ ಬೆಳಕನ್ನು) ಬಲಕ್ಕೆ ತಿರುಗಿಸಿದರೆ ಇನ್ನೊಂದು ಅಷ್ಟೇ ಎಡಕ್ಕೆ ತಿರುಗಿಸುತ್ತದೆ. ಒಟ್ಟು ಫಲ ಸೊನ್ನೆ.

ನಮ್ಮ ಹುಣಸೆಹಣ್ಣಿನ ಟಾರ್ಟಾರಿಕ್ ಆಮ್ಲದಲ್ಲಿ ಇರುವುದು ಬಲಕ್ಕೆ ತಿರುಗಿಸುವ ರೂಪ. ದ್ರಾಕ್ಷಾರಸದ ತಯಾರಿಕೆಯಲ್ಲಿ ಸಿಕ್ಕಿದ, ಬೆಳಕನ್ನು ತಿರುಗಿಸದ ಆಮ್ಲಕ್ಕೆ ದ್ರಾಕ್ಷಿಗೊಂಚಲಿನ ಲ್ಯಾಟಿನ್ ಪದದಿಂದ ‘ರೇಸಿಮಿಕ್ ಆಮ್ಲ’ ಎಂಬ ಹೆಸರು ಬಂತು. 1848ರಲ್ಲಿ ಲೂಯಿ ಪಾಶ್ಚರ್ ಅದರ ಲವಣದ ಹರಳುಗಳನ್ನು ಕಣ್ಣಿಟ್ಟು ನೋಡಿ, ಎಡ-ಬಲವೆಂದು ಕೈಯಿಂದಲೇ ಬೇರ್ಪಡಿಸಿದರು. ಈ ಪಾಠ ಹೇಳುವಾಗ ಇಂದಿಗೂ ನನಗೆ ರೋಮಾಂಚನವಾಗುತ್ತದೆ!

ಬೆಳಕು ತಿರುಗದ ಮಾತ್ರಕ್ಕೆ ವಸ್ತುವನ್ನು ರೇಸಿಮಿಕ್ ಎನ್ನಬೇಡಿ. ಟಾರ್ಟಾರಿಕ್ ಆಮ್ಲದ ಇನ್ನೊಂದು ರೂಪವಾದ ಮೀಸೋ ಟಾರ್ಟಾರಿಕ್ ಆಮ್ಲವೂ ತಿರುಗಿಸುವುದಿಲ್ಲ. ಆದರೆ ಅದು ಮಿಶ್ರಣವಲ್ಲ. ಅದರ ಅಣುವಿನ ಒಂದರ್ಧದ ಪರಿಣಾಮವನ್ನು ಇನ್ನೊಂದರ್ಧವೇ ರದ್ದುಗೊಳಿಸುತ್ತದೆ. ಮಕ್ಕಳು ಅಂಕ ಕಳೆದುಕೊಳ್ಳುವುದು ಇಲ್ಲಿಯೇ.

ಕಲಬುರಗಿಯ ಔಷಧ ಅಂಗಡಿಯಲ್ಲಿ ಅಲರ್ಜಿಗೆ ಕೊಡುವ ಸೆಟಿರಿಜಿನ್ ರೇಸಿಮಿಕ್. ಲಿವೋಸೆಟಿರಿಜಿನ್ ಅದರ ಒಂದೇ ರೂಪ. ಆದ್ದರಿಂದಲೇ ದೊಡ್ಡವರಿಗೆ ಸಾಮಾನ್ಯವಾಗಿ ಮೊದಲನೆಯದು 10 ಮಿಲಿಗ್ರಾಂ, ಎರಡನೆಯದು 5 ಮಿಲಿಗ್ರಾಂ.